ಕರಡಿಗೂ ಒಂದೂವರೆ ಮೀಟರ್

ಉತ್ತರ ಧ್ರುವಕ್ಕೆ ಹೋಗುವವರ ಫಜೀತಿಗಳೆಲ್ಲ ಹಿಮದಲ್ಲೇ ಆಗುತ್ತವೆ ಅಂತ ಜನ ನಂಬಿದ್ದಾರೆ. ನನಗೆ ಮಾತ್ರ ನೆದರ್ಲೆಂಡ್ಸ್ ದಾಟುವ ಮೊದಲೇ ಒಂದರ ಹಿಂದೆ ಒಂದು ಆಗಿಹೋದವು. ಧ್ರುವದ ಬಳಿಯ ನಮ್ಮ ಸಂಶೋಧನಾ ಕೇಂದ್ರ ಬೇಸಿಗೆಯ ಮೂರೇ ತಿಂಗಳು ತೆರೆದಿರುತ್ತದೆ. ನನ್ನ ಪಿಎಚ್‌ಡಿ ಅಲ್ಲಿನ ಕಾಡುಬಾತುಗಳ ಮೇಲೆ. ಕೊರೊನಾ ದೆಸೆಯಿಂದ ಆ ವರ್ಷ ಐದೇ ಜನಕ್ಕೆ ಅವಕಾಶ, ಐದನೆಯವಳು ನಾನು. ಒಂದು ಸಲ ಸೀನಿದರೂ ಜಾಗ ಬೇರೆಯವರಿಗೆ, ಪಿಎಚ್‌ಡಿ ಗೋವಿಂದ.

ತರಬೇತಿ

ಟಿಲ್‌ಬರ್ಗ್ ಹತ್ತಿರದ ಬಯಲಿನಲ್ಲಿ ಹಿಮಕರಡಿ ತರಬೇತಿ. ಕರಡಿ ಬಂದರೆ ಸದ್ದಿನ ಪಿಸ್ತೂಲು ಹಾರಿಸಿ ಓಡಿಸಬೇಕು. ಕರಡಿಯ ಪಾತ್ರ ಕೇಂದ್ರದ ಮುಖ್ಯಸ್ಥರದೇ. ಆರೂವರೆ ಅಡಿಯ ಡಚ್ಚರು ಬಿಳಿ ಬೆಡ್‌ಶೀಟ್ ಹೊದ್ದು, ಅಂಬೆಗಾಲಲ್ಲಿ ಗುರ್ರೆನ್ನುತ್ತ ಬಂದು, ಕೊರೊನಾ ನಿಯಮದಂತೆ ಸರಿಯಾಗಿ ಒಂದೂವರೆ ಮೀಟರ್ ದೂರದಲ್ಲಿ ಬ್ರೇಕ್ ಹಾಕಿ, ಜಾರಿದ ಮಾಸ್ಕನ್ನು ಮೂಗಿಗೇರಿಸಿಕೊಂಡರು. ನಾನು ಪಿಸ್ತೂಲು ಕೆಳಗಿಟ್ಟು ಹೊಟ್ಟೆ ಹಿಡಿದುಕೊಂಡು ನಕ್ಕೆ.

"ನಿಜವಾದ ಕರಡಿ ಬಂದರೂ ಹೀಗೇ ನಗ್ತೀಯಾ?"

"ಇಲ್ಲ ಸರ್, ಅದು ಇಷ್ಟೊಂದು ರೂಲ್ಸ್ ಫಾಲೋ ಮಾಡಲ್ಲ."

ಕರಡಿ ಪೆನ್ನು ತೆಗೆದು ನನ್ನ ಹೆಸರಿನ ಮುಂದೆ ಏನೋ ಗೀಚಿಕೊಂಡಿತು.

ಸೂಟು

ಆಮೇಲೆ, ಹೊರಡುವ ಮುನ್ನ, ಡೀಮೆನ್ ಊರಿನ ನನ್ನ ಫ್ಲ್ಯಾಟಿನಲ್ಲಿ ಹತ್ತು ದಿನ ಕ್ವಾರಂಟೈನ್. ಜೊತೆಗೆ ಧಾರವಾಡದ ರೂಮ್‌ಮೇಟ್, ಪಾಪ, ನನ್ನ ದೆಸೆಯಿಂದ ಅವಳಿಗೂ ಗೃಹಬಂಧನ. ಹಿಮದ ಸೂಟು, ಕನ್ನಡಕ, ಮಾಸ್ಕು ಎಲ್ಲ ಹಾಕಿ ನೋಡೋಣವೆಂದು ಬಾಲ್ಕನಿಗೆ ಹೋದೆ. ಎದುರು ಮನೆಯ ಡಚ್ ಅಜ್ಜಿ ಒಣಹಾಕಿದ್ದ ಬಟ್ಟೆ ಬಾಚಿಕೊಂಡು ಒಳಗೋಡಿ ಕಿಟಕಿ ಮುಚ್ಚಿದರು.

"ಲೇ, ಆ ಅಜ್ಜಿ ನಿನ್ನ ನೋಡಿ ಹೊಸಾ ಜಡ್ಡು ಬಂತು ಅಂತ ತಿಳ್ಕೊಂಡಾಳ!" ಅಂದಳು ರೂಮ್‌ಮೇಟ್.

ಸಂಜೆ ನಮ್ಮ ಬಾಗಿಲಲ್ಲಿ ಎರಡು ಟಾಯ್ಲೆಟ್ ರೋಲ್, ಧೈರ್ಯವಾಗಿರಿ ಅಂತ ಒಂದು ಚೀಟಿ. ನಮ್ಮ ಮನೆಯಲ್ಲಿ ರೋಲ್ ನಿಜಕ್ಕೂ ಮುಗಿದಿತ್ತು. ಮರುದಿನವೂ ಸೂಟು ಹಾಕಿಕೊಂಡು ಬಾಲ್ಕನಿಗೆ ಹೋದೆ.

ಬಾ

ಮುಖ್ಯಸ್ಥರು ದಿನಾ ಮಧ್ಯಾಹ್ನ ವಿಡಿಯೋದಲ್ಲಿ ವಿಚಾರಿಸುತ್ತಿದ್ದರು: ಜ್ವರ? ಕೆಮ್ಮು? ನಾಲಿಗೆಗೆ ರುಚಿ ಗೊತ್ತಾಗ್ತಿದೆಯಾ? ಕೊನೆಯ ದಿನ ನನ್ನ ಮುಂದೆ ಬಿಸಿಬೇಳೆಬಾತು. ರುಚಿ ತೋರಿಸೋಣವೆಂದು ಒಂದು ಚಮಚ ಬಾಯಿಗಿಟ್ಟೆ. ಅಷ್ಟರಲ್ಲಿ ರೂಮ್‌ಮೇಟ್ ಇಣುಕಿದಳು. "ಬಾ, ಬಾ! ಬಿಸಿಯಾಗಿದೆ, ಬಾ!" ಅಂದೆ.

ಮುಖ್ಯಸ್ಥರ ಮುಖ ಬಿಳಿಚಿಕೊಂಡಿತು. ಡಚ್ಚಿನಲ್ಲಿ 'ಬಾ' ಅಂದರೆ 'ಥೂ'! ಒಂದು ಚಮಚ ತಿಂದು ಮೂರು ಸಲ ಥೂ ಅಂದವಳ ನಾಲಿಗೆ ಕೆಟ್ಟಿದೆ ಅಂತಲೇ ಲೆಕ್ಕ.

"ಸರ್, ನಮ್ಮ ಭಾಷೆಯಲ್ಲಿ ಅದು ಕರೆಯೋ ಮಾತು!" ಅಂತ ಅಂಗಲಾಚಿದೆ. ರೂಮ್‌ಮೇಟ್ ಸಾಕ್ಷಿಗೆಂದು ನನ್ನ ತಟ್ಟೆ ಪೂರ್ತಿ ಖಾಲಿ ಮಾಡಿ ತೋರಿಸಿದಳು. ಅವರು ನಗಲಿಲ್ಲ. ಇನ್ನೊಂದು ಟೆಸ್ಟ್ ಆಗಲೇಬೇಕು, ರಿಸಲ್ಟ್ ನೇರ ತಮಗೇ ಬರುತ್ತೆ ಅಂದರು.

ಟೆಸ್ಟ್ ಕೊಟ್ಟ ಮರುದಿನ ಬೆಳಿಗ್ಗೆ ಅವರ ಇಮೇಲ್. ನಮಸ್ಕಾರವಿಲ್ಲ, ಸಹಿಯಿಲ್ಲ. ದಪ್ಪ ರೋಮನ್ ಅಕ್ಷರದಲ್ಲಿ ಒಂದೇ ಪದ: ಬಾ!

ಮೈಸೂರಿಗೆ, ಅಮ್ಮನಿಗೆ ಫೋನ್ ಮಾಡಿ ಗೊಳೋ ಅಂತ ಅತ್ತೆ. "ಅಮ್ಮಾ, ಎಲ್ಲಾ ಹೋಯ್ತು! ನನಗೆ ಥೂ ಅಂತ ಬರ್ದಿದಾರೆ!"

"ಅಯ್ಯೋ, ಅಷ್ಟು ದೊಡ್ಡ ಮನುಷ್ಯರು ಹಾಗೆಲ್ಲ ಬರೀತಾರೇನೇ? ಏನಿದೆಯೋ ಅದನ್ನೇ ಓದು."

"ಬಾ ಅಂತಿದೆ."

ಅಮ್ಮ ಹಣೆ ಚಚ್ಚಿಕೊಂಡ ಸದ್ದು ಫೋನಿನಲ್ಲೇ ಕೇಳಿಸಿತು.

"ಬಾ ಅಂದ್ರೆ ಹೋಗೇ, ಕತ್ತೆ!"