ಯಾವ ಎಡಿಷನ್ ತಗೊಳ್ಳಲಿ?

ನಮ್ಮ ಚಿಕ್ಕಪ್ಪ ಬಿಚ್ಚದ ವಸ್ತು ಡೊಂಬಿವಲಿಯಲ್ಲಿ ಒಂದಿದ್ದರೆ, ಅದನ್ನು ಯಾರೋ ಬೀಗ ಹಾಕಿ ಇಟ್ಟಿರಬೇಕು. ವಾಗ್ಳೆ ಎಸ್ಟೇಟಿನ ಕಾರ್ಖಾನೆಯಲ್ಲಿ ಮೂವತ್ತು ವರ್ಷ ಯಂತ್ರ ರಿಪೇರಿ ಮಾಡಿ ನಿವೃತ್ತರಾದವರು. ಮಿಕ್ಸರ್ ಬಿಚ್ಚಿದರು, ಗೀಸರ್ ಬಿಚ್ಚಿದರು. ಲಿಫ್ಟಿನತ್ತ ಕಣ್ಣು ಹಾಕಿದಾಗ ಸೊಸೈಟಿಯ ಸೆಕ್ರೆಟರಿ ಕೈಮುಗಿದರು.

ಹೀಗಿರುವಾಗ ಚಿಕ್ಕಮ್ಮನ ಕಸೂತಿ ಯಂತ್ರ ನಿಂತಿತು. ಬ್ಲೌಸಿನ ತೋಳಿಗೆ ನವಿಲು ಬಿಡಿಸುವ ಯಂತ್ರ ಅದು. ಲೈಸೆನ್ಸ್ ಮುಗಿದಿದೆ ಎಂದು ಪರದೆಯ ಮೇಲೆ ಇಂಗ್ಲಿಷಿನಲ್ಲಿ ಬಂತು. ತಯಾರಿಸಿದ ಕಂಪನಿ ಎಂದೋ ಬಾಗಿಲು ಹಾಕಿತ್ತು. ಹೊಸದು ಕೊಳ್ಳಿ ಎಂದೆ.

"ತಂಗಿ, ಇಷ್ಟ ದಿನಾ ಕಬ್ಬಿಣ ಬಿಚ್ಚೀನಿ. ಇನ್ನ ಪ್ರೋಗ್ರಾಂ ಬಿಚ್ಚತೀನಿ," ಎಂದರು ಚಿಕ್ಕಪ್ಪ.

ಪ್ರೋಗ್ರಾಮಿನ ಹೊಟ್ಟೆ ಕೊಯ್ದು ಒಳಗಿನ ಆಜ್ಞೆಗಳನ್ನು ಒಂದೊಂದಾಗಿ ತೋರಿಸುವ ಸಾಫ್ಟ್‌ವೇರ್ ಇದೆಯಂತೆ. ಅದರಲ್ಲಿ ಮೂರು ಎಡಿಷನ್. ಪುಕ್ಕಟೆಯದು ಮಾಮೂಲಿ ಕಂಪ್ಯೂಟರಿನ ಚಿಪ್ ಮಾತ್ರ ಬಲ್ಲದು. ಮನೆಬಳಕೆಯದು ಒಂದೇ ಜಾತಿಯ ಚಿಪ್ ಬಲ್ಲದು. ಯಾವ ಜಾತಿ ಎಂದು ಕೊಳ್ಳುವಾಗಲೇ ಹೇಳಬೇಕು. ದೊಡ್ಡದು ಎಲ್ಲವನ್ನೂ ಬಲ್ಲದು, ಆದರೆ ಅದಕ್ಕೆ ಫ್ಲ್ಯಾಟು ಮಾರಬೇಕು.

ಮೂರು ತಿಂಗಳು ಯೋಚಿಸಿದರು. ಫ್ರಿಜ್ಜಿಗೆ ಪಟ್ಟಿ ಅಂಟಿಸಿದರು. ತರಕಾರಿಯವನನ್ನೂ ಕೇಳಿದರು. "ಕಾಕಾ, ಛೋಟಾವಾಲಾ ಲೇಲೋ," ಎಂದು ಅವನು ಚಿಕ್ಕದನ್ನೇ ಕೊಳ್ಳಲು ಹೇಳಿದ.

ಕಿಟಕಿಯ ಬಳಿ ಕೂತು ಕೈಯಲ್ಲೇ ನವಿಲು ಹೊಲಿಯುತ್ತಿದ್ದ ಚಿಕ್ಕಮ್ಮ ಹೇಳಿದರು: "ನನ್ನ ನೋಡಲಿಕ್ಕೆ ಬಂದಾಗ ಉಪ್ಪಿಟ್ಟು ಆರೋದ್ರಾಗ ಹ್ಞೂಂ ಅಂದಿದ್ರು."

"ಅವಾಗ ಎಡಿಷನ್ ಒಂದ ಇತ್ತು," ಎಂದರು ಚಿಕ್ಕಪ್ಪ.

ಕೊನೆಗೆ ನಾನೇ ಕೇಳಿದೆ: "ಚಿಕ್ಕಪ್ಪ, ಈ ಯಂತ್ರದೊಳಗೆ ಇರೋದು ಯಾವ ಚಿಪ್?"

ಊರೆಲ್ಲ ಬಿಚ್ಚಿದ ಮನುಷ್ಯ ಈ ಒಂದು ಮುಚ್ಚಳ ಬಿಚ್ಚಿರಲಿಲ್ಲ! "ಮುಟ್ಟಿದ್ರ ಕೈ ಮುರೀತೀನಿ ಅಂದಾಳ ನಿಮ್ಮ ಚಿಕ್ಕಮ್ಮ," ಎಂದು ಗೊಣಗಿದರು. ಚಿಕ್ಕಮ್ಮನ ಅಪ್ಪಣೆ ಸಿಕ್ಕಿತು. ನಾಲ್ಕು ಸ್ಕ್ರೂ ತೆಗೆದರು, ಚಿಪ್ಪಿನ ಹೆಸರು ಓದಿದರು, ಅಂದೇ ಮನೆಬಳಕೆಯ ಎಡಿಷನ್ ತರಿಸಿಕೊಂಡರು.

ಲೈಸೆನ್ಸಿನ ಬೀಗ ಎಲ್ಲಿದೆ ಎಂದು ಹುಡುಕುತ್ತ ಎರಡು ವಾರ ಅದರೊಳಗೇ ಮುಳುಗಿದ್ದರು. ಪ್ರೋಗ್ರಾಮಿನಲ್ಲಿ ಸಿಕ್ಕ ಸೂಚನೆಗಳನ್ನು ಓದಿ, ಇದು ಪರದೆಯ ಮೇಲೆ ಬಂದಾಗ ಏನು ಮಾಡುತ್ತೀ ಎಂದು ಚಿಕ್ಕಮ್ಮನನ್ನು ಕೇಳುತ್ತಿದ್ದರಂತೆ. "ನನಗೆಲ್ಲಿ ಇಂಗ್ಲಿಷ್ ಬರತೈತ್ರಿ? ಎಂಟು ವರ್ಷ ಅಂದಾಜಿನ ಮ್ಯಾಲೆ ನಡಿಸೀನಿ," ಎಂದರಂತೆ ಅವರು. ಅದು ನಮ್ಮಲ್ಲಿ ಯಾರಿಗೂ ಗೊತ್ತಿರಲಿಲ್ಲ.

ಯಂತ್ರ ಮತ್ತೆ ಓಡಿದ ದಿನ ನಾನೂ ಹೋಗಿದ್ದೆ. ನವಿಲಿನ ಕತ್ತಿನವರೆಗೆ ಹೊಲಿದು ಗಕ್ಕನೆ ನಿಂತಿತು. ಪರದೆಯ ಮೇಲೆ ಚುಕ್ಕಿ ಚುಕ್ಕಿಯಾಗಿ ಸೊಟ್ಟ ಕನ್ನಡ ಅಕ್ಷರಗಳು ಮೂಡಿದವು: "ದಾರ ಹರದೈತಿ. ಅವಸರಿಲ್ಲ. ಕಣ್ಣಿಗೆ ಆರಾಮ ಕೊಟ್ಟು ಪೋಣಸು."

ಚಿಕ್ಕಮ್ಮ ಓದಿದರು. ಮತ್ತೊಮ್ಮೆ ಓದಿದರು. ಚಿಕ್ಕಪ್ಪ ಫ್ಯಾನು ನೋಡುತ್ತ ನಿಂತಿದ್ದರು. ಚಿಕ್ಕಮ್ಮ ಬಹಳ ಹೊತ್ತು ದಾರ ಪೋಣಿಸಲೇ ಇಲ್ಲ.