ಹುರಿಗಾಳು ಬೀದಿಯ ಮಹಾಪೂರ

ಬಹಳ ಹಿಂದೆ, ಅಂದರೆ ಪತ್ರಿಕೆ ತುಂಬಿಸಲು ಸುದ್ದಿಗೆ ಬರವಿಲ್ಲದ ಕಾಲದಲ್ಲಿ, ಮೆರುಗಾವತಿ ಎಂಬ ರಾಜಧಾನಿಯುಳ್ಳ ಒಂದು ರಾಜ್ಯವಿತ್ತು. ಆ ಊರಿನ ಚರಿತ್ರೆ ಚಿಕ್ಕದು. ದಿಗ್ವಿಜಯಕ್ಕೆ ಹೊರಟ ಮೂಲಪುರುಷನ ಕುದುರೆ ಬಟ್ಟಬಯಲಲ್ಲಿ ಮಲಗಿಬಿಟ್ಟಿತು. ಅದು ಏಳಲೆಂದು ಕಾಯುತ್ತ ಕಾಯುತ್ತ ಅಲ್ಲೇ ಊರು ಎದ್ದಿತು. ಭೂಗೋಳ ಇನ್ನೂ ಚಿಕ್ಕದು. ಪಡುವಣಕ್ಕೆ ಬೋಳುಗುಡ್ಡ, ಮೂಡಣಕ್ಕೆ ಕುರಿ ಮೇಯುವ ಬಯಲು, ನಡುವೆ ಊರನ್ನು ಎರಡು ಹೋಳು ಮಾಡುವ ಹುರಿಗಾಳು ಬೀದಿ. ನೀರು ಬಾವಿಗಳಲ್ಲಿತ್ತು.

ಸಂಸ್ಕೃತಿ ಮಾತ್ರ ದೊಡ್ಡದು. ಅರಮನೆಯವರು ಕಲ್ಲಿನಲ್ಲಿ ಕೆತ್ತಿಸಿದ್ದನ್ನು ಅಲ್ಲಿ ಯಾರೂ ಅಳಿಸುವಂತಿರಲಿಲ್ಲ. ಶಾಸನದಲ್ಲಿ ತಪ್ಪಿದ್ದರೆ ತಿದ್ದಬೇಕಾದದ್ದು ಊರನ್ನು. ಹಿಂದೊಬ್ಬ ರಾಜನ ಕಾಲದಲ್ಲಿ ವಾರಗಳ ಹೆಸರು ಕೆತ್ತುವಾಗ ಸೋಮವಾರ ಬಿಟ್ಟುಹೋಗಿತ್ತು. ಅಂದಿನಿಂದ ಮೆರುಗಾವತಿಯಲ್ಲಿ ಭಾನುವಾರ ಮುಗಿದರೆ ಮಂಗಳವಾರ. ಜನ ಒಗ್ಗಿಹೋಗಿದ್ದರು.

ನಮ್ಮ ಕಥೆಯ ಕಾಲಕ್ಕೆ ಆಳುತ್ತಿದ್ದವರು ಶ್ರೀಮನ್ಮಹಾರಾಜ ಅಮೋಘಕಂಠರು. ಊರಿನ ಹಿರಿಮೆಯನ್ನು ಹೆಬ್ಬಾಗಿಲ ಕಲ್ಲಿನಲ್ಲಿ ಕೆತ್ತಿಸಬೇಕೆಂದು ಅವರಿಗೆ ಮನಸ್ಸಾಯಿತು. ಬ್ರ್ಯಾಂಡಿಂಗ್ ಎಂಬ ವ್ಯಾಧಿ ಆಗಲೇ ಇತ್ತು, ಹೆಸರು ಬೇರೆ ಇದ್ದಿರಬೇಕು. ಕೆಲಸ ಬಿದ್ದದ್ದು ಆಸ್ಥಾನವಿದ್ವಾಂಸ ಪ್ರಶಸ್ತಿಪಂಡಿತರ ಮೇಲೆ. ಧೂಳಿಗೆ ಹೆದರಿ ಪಲ್ಲಕ್ಕಿಯ ಪರದೆ ಸರಿಸದೆಯೇ ಓಡಾಡುತ್ತಿದ್ದ ಈ ಮಹನೀಯರು ಊರನ್ನು ಕಣ್ಣಾರೆ ಕಂಡವರಲ್ಲ. ಮಹಾನಗರವೆಂದ ಮೇಲೆ ಮಹಾನದಿ ಇರಲೇಬೇಕಲ್ಲ ಎಂದು ತಾವೇ ತರ್ಕಿಸಿ, 'ನಗರಮಧ್ಯದಲ್ಲಿ ರಜತವಾಹಿನಿಯು ಭೋರ್ಗರೆಯುವಳು' ಎಂದು ಬರೆದುಕೊಟ್ಟರು. ಕಲ್ಲುಕುಟಿಗರು ಕೆತ್ತಿದರು. ಮುಗಿಯಿತು.

"ನಮಗೆ ನದಿ ಇದೆಯೇ?" ಮಹಾರಾಜರಿಗೆ ಆಶ್ಚರ್ಯವಾಯಿತು.

"ಇಲ್ಲದಿದ್ದರೆ ಕಲ್ಲಿನಲ್ಲಿ ಹೇಗೆ ಬರುತ್ತಿತ್ತು ಪ್ರಭೂ?" ಮಹಾಮಂತ್ರಿ ಸಮ್ಮತಿಸೇನರು ಬಗ್ಗಿದ ಬೆನ್ನು ಎತ್ತದೆ ನುಡಿದರು. "ತಮ್ಮ ಗಾಂಭೀರ್ಯಕ್ಕೆ ಅಂಜಿ ಸದ್ದಿಲ್ಲದೆ ಹರಿಯುತ್ತಿದೆ. ವಿನಯ ಹೆಚ್ಚಾಗಿ ನೀರನ್ನೂ ಬಿಟ್ಟಿದೆ."

ಮರುದಿನವೇ ಹುರಿಗಾಳು ಬೀದಿಯನ್ನು ನದಿಯೆಂದು ಅಧಿಸೂಚಿಸಲಾಯಿತು. ರಜತವಾಹಿನಿ ಅಭಿವೃದ್ಧಿ ಪ್ರಾಧಿಕಾರ ಹುಟ್ಟಿತು. ಅದಕ್ಕೆ ಮಹಾಮಂತ್ರಿಗಳ ಬಾವಮೈದುನ ಅಧ್ಯಕ್ಷನಾದ. ಕಡಲೆ, ಬಟಾಣಿ ಹುರಿಯುವವರೆಲ್ಲ ಬೆಸ್ತರೆಂದು ನೋಂದಾಯಿತರಾದರು. ಈ ಬದಿಯಿಂದ ಆ ಬದಿಗೆ ನಡೆದು ಹೋಗುವುದು ನಿಷಿದ್ಧ, ದೋಣಿಯಲ್ಲೇ ಹೋಗಬೇಕು. ದೋಣಿಗೆ ಎತ್ತು ಕಟ್ಟಿ ಎಳೆಯುತ್ತಿದ್ದರು, ಅಂಬಿಗ ಮೇಲೆ ಕುಳಿತು ಗಾಳಿಯಲ್ಲಿ ಹುಟ್ಟು ಹಾಕುತ್ತಿದ್ದ. ಸರ್ಕಾರಿ ನೌಕರರು ಪಂಚೆಯನ್ನು ಮೊಣಕಾಲವರೆಗೆ ಒದ್ದೆ ಮಾಡಿಕೊಂಡು ಬರಬೇಕಿತ್ತು. ಒಣ ಪಂಚೆಯಲ್ಲಿ ಬಂದವನಿಗೆ ಗೈರುಹಾಜರಿ.

ಇಷ್ಟಾದರೂ ಮಹಾರಾಜರ ಮುಖ ಬಾಡಿತ್ತು. ಎಲ್ಲ ದೊಡ್ಡ ನದಿಗಳಿಗೂ ಪ್ರವಾಹ ಬರುತ್ತದೆ, ತಮ್ಮದಕ್ಕೇಕೆ ಬರುವುದಿಲ್ಲ? ಉನ್ನತ ಮಟ್ಟದ ಸಮಿತಿ ಸಭೆ ಸೇರಿ, ಬರುವ ಮಂಗಳವಾರ ಪ್ರವಾಹ ಬರತಕ್ಕದ್ದೆಂದು ನಿರ್ಣಯಿಸಿತು. ಅಂದು ದೋಣಿಗಳನ್ನು ಕಟ್ಟಿಹಾಕಿದರು, ಬೀದಿಯುದ್ದಕ್ಕೂ ಕಾವಲು ನಿಲ್ಲಿಸಿದರು. ಮಹಾರಾಜರು ತೊಟ್ಟಿಲಲ್ಲಿ ಕುಳಿತು, ರಾಟೆಯಿಂದ ಮೇಲಕ್ಕೆಳೆಸಿಕೊಂಡು ವೈಮಾನಿಕ ಸಮೀಕ್ಷೆ ನಡೆಸಿದರು.

ಅದೇ ಬೆಳಿಗ್ಗೆ ಮೂಡಣ ಬದಿಯಲ್ಲಿ ಬಳೆಗಾರ ಮುದ್ದಯ್ಯನ ಹೆಂಡತಿ ಕೆಂಪಾಜಮ್ಮನಿಗೆ ಹೆರಿಗೆ ನೋವು ಬಂತು. ಊರಿಗೆಲ್ಲ ಇದ್ದವಳು ಒಬ್ಬಳೇ ಸೂಲಗಿತ್ತಿ, ಕಾಳಮ್ಮ. ಅವಳ ಮನೆ ಪಡುವಣ ಬದಿಯಲ್ಲಿ. ಮುದ್ದಯ್ಯ ಈಚೆಯಿಂದಲೇ ಕೂಗಿಕೊಂಡ.

"ಕಾಳಮ್ಮೋ! ಕೂಸು ಅಡ್ಡ ತಿರುಗೈತಂತೆ, ಅವಳು ಕಣ್ಣು ಮೇಲಕ್ ಮಾಡ್ತಾವ್ಳೆ. ಬಾರವ್ವೋ!"

ಕಾಳಮ್ಮ ಸೆರಗು ಸಿಕ್ಕಿಸಿಕೊಂಡು ಹೊರಗೆ ಬಂದಳು. ಕಾವಲುಗಾರ ಈಟಿ ಅಡ್ಡ ಹಿಡಿದ.

"ಇಳೀಬ್ಯಾಡ ಕಣವ್ವ. ನೀರು ಎದೆಮಟ್ಟ ಐತೆ."

"ನಿನ್ ಕಾಲ್ ನೋಡ್ಕೊ ಮಗಾ, ಧೂಳು ಮೆತ್ಕೊಂಡೈತೆ."

"ಧೂಳು ಅನ್ಬ್ಯಾಡ, ಮೆಕ್ಕಲು ಮಣ್ಣು ಅನ್ನು. ನನಗೂ ಹೆಂಡ್ರು ಮಕ್ಳು ಅವ್ರೆ ಕಣವ್ವ." ಅವನ ದನಿಯಲ್ಲಿ ಸಂಕಟವಿತ್ತು.

"ನಿನ್ನನ್ನ ಹಿಡ್ಕಂಡಿದ್ದೂ ಇದೇ ಕೈ ಕಣೋ. ಸರಿ ಅತ್ಲಾಗೆ."

ಅವಳು ಈಟಿಯ ಕೆಳಗೆ ನುಸುಳಿ, ಉಸಿರು ಬಿಡುವಷ್ಟರಲ್ಲಿ ಬೀದಿ ದಾಟಿದಳು. ಮಧ್ಯಾಹ್ನದ ಹೊತ್ತಿಗೆ ಹೆಣ್ಣು ಕೂಸು ಹುಟ್ಟಿತು. ತಾಯಿಯೂ ಉಳಿದಳು. ಈ ಕಥೆಯಲ್ಲಿ ನನಗೆ ಖುಷಿ ಕೊಟ್ಟ ಸಂಗತಿ ಇದೊಂದೇ, ಆದ್ದರಿಂದ ಇನ್ನೊಮ್ಮೆ ಹೇಳುತ್ತೇನೆ: ಇಬ್ಬರೂ ಉಳಿದರು.

ಕಾಳಮ್ಮನನ್ನು ಆಸ್ಥಾನಕ್ಕೆ ಎಳೆದು ತಂದರು. ಅಲ್ಲಿ ಎಲ್ಲರಿಗೂ ಬಿಸಿತುಪ್ಪ ಗಂಟಲಲ್ಲಿ ಸಿಕ್ಕಿದಂತಾಯಿತು, ಉಗುಳುವಂತಿಲ್ಲ, ನುಂಗುವಂತಿಲ್ಲ. ಅವಳು ನಡೆದು ದಾಟಿದಳೆಂದರೆ ಪ್ರವಾಹ ಸುಳ್ಳು, ಶಾಸನವೂ ಸುಳ್ಳು. ನೀರಿನ ಮೇಲೆ ನಡೆದಳೆಂದರೆ ಮಹಾರಾಜರಿಗಿಂತ ಅವಳೇ ದೊಡ್ಡವಳು. ಪ್ರಶಸ್ತಿಪಂಡಿತರು ಕಣ್ಣು ಮುಚ್ಚಿ ಯೋಚಿಸಿ ಮೂರನೆಯ ದಾರಿ ಕಂಡುಹಿಡಿದರು.

"ಮಹಾಪೂರಕ್ಕೆ ಇಳಿದವರು ಮುಳುಗುತ್ತಾರೆ. ಈಕೆ ಇಳಿದಿದ್ದಾಳೆ. ಆದ್ದರಿಂದ ಮುಳುಗಿದ್ದಾಳೆ."

"ಬುದ್ಧೀ, ನಾನು ಇಲ್ಲೇ ನಿಂತಿವ್ನಲ್ಲಾ!" ಎಂದಳು ಕಾಳಮ್ಮ.

ಮಹಾರಾಜರ ಕಣ್ಣು ತುಂಬಿತು. "ಎಂಥ ನಿಷ್ಠೆ! ಸತ್ತ ಮೇಲೂ ಬಂದು ವರದಿ ಒಪ್ಪಿಸುತ್ತಿದ್ದಾಳೆ!"

"ಪ್ರಭುಗಳ ಆಡಳಿತದಲ್ಲಿ ಸತ್ತವರಿಗೂ ಅಹವಾಲು ಹೇಳಿಕೊಳ್ಳುವ ಸ್ವಾತಂತ್ರ್ಯವಿದೆ," ಎಂದು ಸಮ್ಮತಿಸೇನರು ಕೂಡಲೇ ಸೇರಿಸಿದರು.

ಹುರಿಗಾಳು ಬೀದಿಯ ದಡದಲ್ಲಿ ಕಾಳಮ್ಮನ ವೀರಗಲ್ಲು ಎದ್ದಿತು. ಅನಾವರಣಕ್ಕೆ ಅವಳೂ ಬಂದಿದ್ದಳು, ಯಾರೂ ಅವಳ ಕಡೆ ನೋಡಲಿಲ್ಲ. ಸತ್ತವರೊಡನೆ ಮಾತಾಡುವುದು ಆ ರಾಜ್ಯದಲ್ಲಿ ಮಾಟವೆನಿಸುತ್ತಿತ್ತು, ಅದಕ್ಕೆ ಸೆರೆಮನೆವಾಸ. ಮಹಾರಾಜರಿಗೆ 'ಪ್ರವಾಹವಿಜಯಿ' ಎಂಬ ಬಿರುದು ಬಂತು, ಮನೆಮನೆಗೂ ನೆರೆಪರಿಹಾರ ಸೆಸ್ಸು ಬಂತು.

ಆಷಾಢ ಕಳೆಯುವ ಮುಂಚೆ ಗಾಣಿಗರ ಮಲಿಯಪ್ಪ ಕಾಳಮ್ಮನ ಬಾಗಿಲಿಗೆ ಓಡಿಬಂದ. ಅವನ ಮುಖ ನೋಡಿದರೇ ಮನೆಯಲ್ಲಿ ಹೆಂಡತಿ ಹೆರಿಗೆ ನೋವು ತಿನ್ನುತ್ತಿದ್ದಾಳೆಂದು ಗೊತ್ತಾಗುತ್ತಿತ್ತು. ಕಾಳಮ್ಮ ಆಗಲೇ ಸೆರಗು ಬಿಗಿದುಕೊಂಡು ಹೊಸ್ತಿಲಲ್ಲಿ ನಿಂತಿದ್ದಳು. ಬೀದಿಯಲ್ಲಿ ಕಾವಲುಗಾರರಿದ್ದರು.

"ನಡಿಯಪ್ಪಾ, ಹೊತ್ತಾಯ್ತದೆ," ಎಂದಳು.

ಮಲಿಯಪ್ಪ ಕಾವಲುಗಾರರ ಕಡೆ ನೋಡಿದ. ಊದುಬತ್ತಿ ಹಚ್ಚಿ ಅವಳ ಕಾಲ ಬಳಿ ಇಟ್ಟು, ಕೈಮುಗಿದು, ಅಳುತ್ತ ಹಿಂದಿರುಗಿದ. ಕಾಳಮ್ಮ ಅವನ ಹಿಂದೆಯೇ ಹೋದಳು. ಮನೆಯವರು ಹೆದರಿ ಕದ ಹಾಕಿಕೊಂಡರು. ಅವಳು ಕದ ತಟ್ಟುತ್ತಲೇ ಇದ್ದಳು, ಒಳಗಿನ ನರಳಾಟ ನಿಲ್ಲುವವರೆಗೂ.

ತಾಯಿ, ಕೂಸು ಇಬ್ಬರನ್ನೂ ಪ್ರಾಧಿಕಾರದವರು ನದಿಯ ಲೆಕ್ಕಕ್ಕೆ ಬರೆದುಕೊಂಡರು. ರಜತವಾಹಿನಿ ಇಷ್ಟು ದೊಡ್ಡ ನದಿಯೆಂದು ತಮಗೇ ತಿಳಿದಿರಲಿಲ್ಲವೆಂದು ಮಹಾರಾಜರು ಹಿಗ್ಗಿ, ಇನ್ನೆರಡು ಕಲ್ಲು ತರಿಸಿದರು.