ಆಯೇರಕ್ಕೆ ಬಂದ ತತ್ವಶಾಸ್ತ್ರ

ನಮ್ಮ ಕಾಕಾನನ್ನು ಕಂಡರೆ ಮೂಡಲಗಿಯ ಜನ ಹೆದರುತ್ತಾರೆ ಎಂದರೆ ನೀವು ನಂಬಲಿಕ್ಕಿಲ್ಲ. ಆಳು ಐದಡಿ, ದನಿ ಮೆತ್ತಗೆ, ಬೈದದ್ದನ್ನು ಯಾರೂ ಕೇಳಿಲ್ಲ. ಆದರೂ ಅವನು ಬರುವುದು ಕಂಡರೆ ಸಂತೆಯಲ್ಲಿ ನಿಂತವರೆಲ್ಲ ಬದನೆಕಾಯಿ ಆರಿಸುವ ನೆವದಲ್ಲಿ ಬಗ್ಗಿಬಿಡುತ್ತಾರೆ! ಕಾರಣ ಇಷ್ಟೆ: ಕಾಕಾ ರಾಜಕೀಯ ತತ್ವಶಾಸ್ತ್ರದ ಇತಿಹಾಸ ಬರೆದಿದ್ದಾನೆ. ನಿಂತರೆ ಹೇಳುತ್ತಾನೆ.

ಗೋಕಾಕದ ಕಾಲೇಜೊಂದರಲ್ಲಿ ಮೂವತ್ತು ವರ್ಷ ರಾಜ್ಯಶಾಸ್ತ್ರ ಕಲಿಸಿ ನಿವೃತ್ತನಾದವನು. ಲಗ್ನ ಯಾವಾಗ ಎಂದು ಕೇಳಿದವರಿಗೆ, "ಮದ್ಲ ಗ್ರೀಕರನ್ನ ಮುಗಸತೇನಿ, ತಡೀರಿ" ಅನ್ನುತ್ತಿದ್ದನಂತೆ. ಗ್ರೀಕರು ಮುಗಿಯುವ ಹೊತ್ತಿಗೆ ಹೆಣ್ಣು ಕೊಡುವವರೂ ಮುಗಿದಿದ್ದರು.

ಪುಸ್ತಕದ ಮೊದಲ ಭಾಗವನ್ನು ತಾನೇ ಅಚ್ಚು ಹಾಕಿಸಿದ. ಯಾರೂ ಕೊಳ್ಳಲಿಲ್ಲ. ಆಗ ಹೊಳೆಯಿತು ನೋಡಿ ಉಪಾಯ! ನಮ್ಮ ಕಡೆ ಮದುವೆ, ಮನೆಶಾಂತಿ ಅಂದರೆ ಆಯೇರ ಮಾಡಬೇಕು, ಅಂದರೆ ಉಡುಗೊರೆ ಕೊಡಬೇಕು. ಗಂಡಸರಿಗೆ ಟೋಪಿ-ಟಾವೆಲ್ಲು, ಹೆಂಗಸರಿಗೆ ಜಂಪರ್ ಪೀಸು. ಕಾಕಾ ಇವುಗಳ ಬದಲು ಪುಸ್ತಕ ಕೊಡತೊಡಗಿದ. ಒಳಗೆ ಆಶೀರ್ವಾದ, ಹಿಂದಿನ ರಟ್ಟಿನ ಮೇಲೆ ಕೆಂಪು ಶಾಯಿಯಲ್ಲಿ ಒಂದು ನಂಬರು. ಯಾರಿಗೆ ಯಾವ ನಂಬರು ಎಂಬುದು ಅವನಿಗೆ ಬಾಯಿಪಾಠವಂತೆ. ಅಕ್ಷತೆ ಹಾಕಿ ಕೆಳಗಿಳಿಯುವಾಗ ಮದುಮಗನ ಕಿವಿಯಲ್ಲಿ, "ಮೂರನೇ ಅಧ್ಯಾಯ ಸಾವಕಾಶ ಓದು" ಅನ್ನುತ್ತಿದ್ದ. ಮದುವೆಯ ದಿನ!

ಆಯೇರಕ್ಕೆ ಬಂದ ಜಂಪರ್ ಪೀಸಿನ ಗತಿ ನಿಮಗೆ ಗೊತ್ತಲ್ಲ? ಹೊಲಿಸಿಕೊಳ್ಳುವವರು ಯಾರು! ಗಂಟು ಕಟ್ಟಿ ಟ್ರಂಕಿನಲ್ಲಿಟ್ಟು, ಮುಂದಿನ ಮದುವೆಯಲ್ಲಿ ಇನ್ನೊಬ್ಬರಿಗೆ ದಾಟಿಸುವುದು. ಕಾಕಾನ ಪುಸ್ತಕವೂ ಹಾಗೇ ಊರೂರು ತಿರುಗಿತು. ನನ್ನ ಮದುವೆಗೂ ಒಂದು ಬಂದಿತ್ತು. ಅದನ್ನು ಏನು ಮಾಡಿದೆ ಅಂತ ಕೇಳಬೇಡಿ. ಕೇಳಿದಿರಾ? ಆಶೀರ್ವಾದದ ಹಾಳೆ ಹರಿದು, ಅಂಕಲಗಿಯ ಗೆಳೆಯನ ಮನೆಶಾಂತಿಗೆ ಕೊಟ್ಟು ಕೈತೊಳೆದುಕೊಂಡೆ.

ಹೋದ ವರ್ಷ ಕೊಣ್ಣೂರಿನ ಒಂದು ಮದುವೆಯಲ್ಲಿ ಆಗಬಾರದ್ದು ಆಯಿತು. ಮದುವೆಮನೆಯ ಯಜಮಾನರು ಹಿರಿಯರಿಗೆಲ್ಲ ಆಯೇರ ಮಾಡುತ್ತ ಬಂದು, ಟಾವೆಲ್ಲಿನ ಜೊತೆ ಕಾಕಾನ ಕೈಗೇ ಕಾಕಾನ ಪುಸ್ತಕ ಇಟ್ಟರು! ಸುತ್ತಲಿದ್ದವರೆಲ್ಲ ನಕ್ಕರು. ನಾನೂ ನಕ್ಕೆ. ಕಾಕಾ ಮಾತ್ರ ಪುಸ್ತಕವನ್ನು ಹಿಂದೆ ಮುಂದೆ ನೋಡಿ, ಹಾಳೆ ತಿರುವುತ್ತ ಮೂರನೇ ಅಧ್ಯಾಯದಲ್ಲಿ ನಿಂತುಬಿಟ್ಟ. ಅರಸನಿಲ್ಲದಿದ್ದರೆ ಮನುಷ್ಯರು ಒಬ್ಬರನ್ನೊಬ್ಬರು ಹರಿದು ತಿನ್ನುತ್ತಾರೆ ಎಂದು ಅವನು ಬರೆದಿದ್ದ ಕಡೆ, ಅಂಚಿನಲ್ಲಿ ಯಾರೋ ಪೆನ್ಸಿಲ್ಲಿನಿಂದ ಗೀಚಿದ್ದರು: "ಇದು ತಪ್ಪು. ನನ್ನ ಬಸ್ಸಿನ್ಯಾಗ ಐವತ್ತು ಸೀಟು, ತೊಂಬತ್ತು ಮಂದಿ. ಜಗಳಾಡಿದರು, ಆಮ್ಯಾಲ ಸರದು ಜಾಗಾ ಕೊಟ್ಟರು. ಅಲ್ಲಿ ಅರಸ ಇರಲಿಲ್ಲ."

"ಲೇ, ನನಗ ಒಬ್ಬಾಂವ ತಪ್ಪಂದಾನ!" ಕಾಕಾ ಪುಸ್ತಕವನ್ನು ನನ್ನ ಮುಖದ ಎದುರು ಹಿಡಿದ. "ಮೂವತ್ತು ವರ್ಷ ಕ್ಲಾಸಿನ್ಯಾಗ ಒಬ್ಬರೂ ಅಂದಿದ್ದಿಲ್ಲ. ಯಾರಂವ, ನಾ ನೋಡಬೇಕು."

ಯಜಮಾನರನ್ನು ಅಲ್ಲೇ ಹಿಡಿದು ಕೇಳಿದ. "ಹುಕ್ಕೇರಿ ಅಕ್ಕಾರು ಕೊಟ್ಟು ಕಳಿಸಿದ್ರಿ ಸರ, ಅವರಿಗೆ ಮದುವಿಗೆ ಬರಾಕ ಆಗಿಲ್ಲ. ನಾವು ತಗದೂ ನೋಡಿಲ್ಲ, ದೇವರಾಣಿ!" ಎಂದು ಅವರು ಗಾಬರಿಯಿಂದ ಆಣೆ ಇಟ್ಟರು.

"ನೀವು ತಗದಿಲ್ಲಂತ ಗೊತ್ತೈತ್ರಿ," ಎಂದ ಕಾಕಾ. ಅಕ್ಕನ ಮನೆಯ ಗುರುತು ಕೇಳಿಕೊಂಡು ನನ್ನ ಬೈಕು ಹತ್ತಿದ.

ಹಿಂದೆ ಕೂತು ಹುಕ್ಕೇರಿಯವರೆಗೆ ಉತ್ತರ ತಯಾರಿಸಿದ. ಕಬ್ಬಿನ ಟ್ರ್ಯಾಕ್ಟರುಗಳ ಗದ್ದಲದಲ್ಲಿ ನನಗೆ ಅರ್ಧ ಕೇಳಿಸಲಿಲ್ಲ, ಉಳಿದರ್ಧ ತಿಳಿಯಲಿಲ್ಲ. ನನಗೆ ಬೇರೆಯೇ ಚಿಂತೆ. ಹುಕ್ಕೇರಿಯವರು ಅಂಕಲಗಿ ಅಂದರೆ? ಅಂಕಲಗಿಯವನು ನನ್ನ ಹೆಸರು ಹೇಳಿದರೆ?

ಹುಕ್ಕೇರಿಯ ಆ ತಾಯಿ ಚಹಾ ತಂದಿಟ್ಟು ಹೇಳಿದಳು: "ನಮ್ಮ ಮಾವಾರು ಬರದದ್ರಿ ಅದು. ಕಂಡಕ್ಟರ್ ಇದ್ರು. ಅಂಕಲಗಿಯಿಂದ ಆಯೇರಕ್ಕ ಬಂದಿತ್ತು. ದಿನಾ ಕಟ್ಟಿ ಮ್ಯಾಲ ಕುಂತು ಓದಾವ್ರು. 'ಇದನ್ನ ಬರದಾಂವ ಸಿಕ್ಕರ ಮಾತಾಡಬೇಕು' ಅನ್ನಾವ್ರು. ತೀರಿಕೊಂಡು ಮೂರು ತಿಂಗಳಾತ್ರಿ. ಅದಕ್ಕ ಮತ್ತ ಆಯೇರದ ಗಂಟಿಗೇ ಹಾಕಿದೆ."

ಹುಕ್ಕೇರಿ ಮೂಡಲಗಿಯಿಂದ ಎಷ್ಟು ದೂರ ಹೇಳಿ? ಬಸ್ಸು ಹತ್ತಿದರೆ ಮಧ್ಯಾಹ್ನದ ಊಟಕ್ಕೆ ತಲುಪಬಹುದು. ಅಲ್ಲೊಬ್ಬ ಬರೆದವನಿಗಾಗಿ ಕಾಯುತ್ತಿದ್ದ, ಇಲ್ಲೊಬ್ಬ ಓದುವವನಿಗಾಗಿ.

ಕಾಕಾ ಗೋಡೆಯ ಮೇಲಿನ ಫೋಟೋದ ಎದುರು ಹೋಗಿ ಕೂತ. ದಾರಿಯಲ್ಲಿ ತಯಾರಿಸಿದ್ದ ಉತ್ತರ ಒಂದನ್ನೂ ಹೇಳಲಿಲ್ಲ. "ನೀವು ಅಂದಿದ್ದು ಖರೆ ಐತ್ರಿ," ಅಂದ. "ಎರಡನೇ ಭಾಗದಾಗ ತಿದ್ದತೇನಿ." ಪುಸ್ತಕವನ್ನು ಫೋಟೋದ ಕೆಳಗಿಟ್ಟು, ಆರಿದ ಚಹಾ ಕುಡಿದು ಎದ್ದ.

ಹೊರಗೆ ಬೈಕಿಗೆ ಕಿಕ್ ಹೊಡೆಯುತ್ತ, ಅಂಜುತ್ತಲೇ ಕೇಳಿದೆ: "ಅಂಕಲಗಿಗೆ ಹೋಗೂನೇನು ಕಾಕಾ?"

"ಅಲ್ಲಿಗ್ಯಾಕ?" ಹಿಂದೆ ಹತ್ತಿ ಕೂತ ಕಾಕಾ. "ರಟ್ಟಿನ ಮ್ಯಾಲಿನ ನಂಬರ ಕೊಣ್ಣೂರಾಗ ನೋಡೇನಿ. ಮೂವತ್ತೇಳು. ನಿನ್ನ ಲಗ್ನಕ್ಕ ಕೊಟ್ಟಿದ್ದು."

ಆ ಕೆಂಪು ನಂಬರನ್ನು ನಾನು ಮರೆತೇಬಿಟ್ಟಿದ್ದೆ! ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು.

"ಛಲೋ ಮಾಡಿದಿ ತಮ್ಮಾ," ಅಂದ. "ನೀ ಇಟ್ಕೊಂಡಿದ್ರ ಅದು ಅವರ ತನಕ ಹೋಗ್ತಿದ್ದಿಲ್ಲ."

ಊರು ದಾಟುವವರೆಗೆ ಬೈಕು ಓಡಿಸಿದೆ. ಆಮೇಲೆ, "ನನಗ ಇನ್ನೊಂದು ಪ್ರತಿ ಕೊಡು ಕಾಕಾ, ಓದತೇನಿ," ಅಂದೆ.

"ಕೊಡೂದಿಲ್ಲ. ನೀ ಓದಾಂವಲ್ಲ." ಹಿಂದಿನಿಂದ ನನ್ನ ಹೆಗಲು ತಟ್ಟಿದ. "ರವಿವಾರಕ್ಕೊಮ್ಮೆ ಮನಿಗೆ ಬಾ. ನಾನ ಓದತೇನಿ. ನೀ ನಡುವ ಒಂದ್ಸಲ 'ತಪ್ಪೈತಿ' ಅಂದ್ರ ಸಾಕು."